ದೇಣಿಗೆಯಿಂದ ಶುಲ್ಕಕ್ಕೆ: ನಮ್ಮ ಭಾಗದ ಉನ್ನತ ಶಿಕ್ಷಣ

ಸಭೆಯ ಅಧ್ಯಕ್ಷರೆ, ಅಧ್ಯಾಪಕ ಮಿತ್ರರೆ, ವಿದ್ಯಾರ್ಥಿಗಳೆ,

ಉನ್ನತ ಶಿಕ್ಷಣ ಮಾರುಕಟ್ಟೆಯ ಪಾಲಾಗುತ್ತಿದೆ ಎಂಬ ಮಾತು ಬಂದ ಕೂಡಲೇ ನಮ್ಮ ಕಣ್ಣ ಮುಂದೆ ನಿಲ್ಲುವುದು ಖಾಸಗಿ ವಿಶ್ವವಿದ್ಯಾಲಯಗಳು, ಅವುಗಳ ಶುಲ್ಕ, ಪ್ರವೇಶದ ಹಂಗಾಮಿನಲ್ಲಿ ಹುಬ್ಬಳ್ಳಿ–ಧಾರವಾಡ ರಸ್ತೆಯ ಎರಡೂ ಬದಿಗೆ ಏಳುವ ಜಾಹೀರಾತು ಫಲಕಗಳು. ಅವುಗಳ ಬಗ್ಗೆ ಚರ್ಚೆ ಸಾಕಷ್ಟು ನಡೆದಿದೆ, ನಡೆಯಬೇಕು ಕೂಡ. ಇಂದು ನಾನು ಹೇಳಬೇಕೆಂದಿರುವುದು ಬೇರೆ. ಮಾರುಕಟ್ಟೆಯ ನಿಯಮ ಸರಕಾರಿ ವಿಶ್ವವಿದ್ಯಾಲಯದ ಒಳಗೇ ಬಂದು ಕೂತಿದೆ. ಪ್ರತಿಯೊಂದು ವಿಭಾಗವೂ ತನ್ನ ಖರ್ಚನ್ನು ತಾನೇ ದುಡಿದುಕೊಳ್ಳಬೇಕು ಎಂಬ ಲೆಕ್ಕಾಚಾರವನ್ನು ಯಾರೂ ಸದನದಲ್ಲಿ ಮಂಡಿಸಿ ಒಪ್ಪಿಗೆ ಪಡೆಯಲಿಲ್ಲ. ಅದು ಸುತ್ತೋಲೆಗಳ ಮೂಲಕ, ತುಂಬದೆ ಬಿಟ್ಟ ಹುದ್ದೆಗಳ ಮೂಲಕ, ವರ್ಷದಿಂದ ವರ್ಷಕ್ಕೆ ಸಾಲದಾದ ಅನುದಾನದ ಮೂಲಕ ಜಾರಿಯಾಯಿತು.

ಈ ಮಾತನ್ನು ಧಾರವಾಡದಲ್ಲಿ ನಿಂತು ಆಡುವುದಕ್ಕೆ ಕಾರಣವಿದೆ. ಈ ಭಾಗದ ಉನ್ನತ ಶಿಕ್ಷಣ ಹುಟ್ಟಿದ್ದೇ ಜನರ ದೇಣಿಗೆಯಿಂದ. ಮುಂಬಯಿ ಇಲಾಖೆಗೆ ಸೇರಿದ್ದ ಈ ಜಿಲ್ಲೆಗಳ ಹುಡುಗರು ಪದವಿ ಓದಬೇಕೆಂದರೆ ಪುಣೆಗೋ ಮುಂಬಯಿಗೋ ಹೋಗಬೇಕಿದ್ದ ಕಾಲದಲ್ಲಿ, 1890ರಲ್ಲಿ ಕರ್ನಾಟಕ ವಿದ್ಯಾವರ್ಧಕ ಸಂಘ ಹುಟ್ಟಿತು. ಶಿರಸಂಗಿಯ ಲಿಂಗರಾಜ ದೇಸಾಯಿಯವರು ತಮ್ಮ ಸಂಸ್ಥಾನದ ಆಸ್ತಿಯನ್ನು ಬಡ ವಿದ್ಯಾರ್ಥಿಗಳ ಓದಿಗೆಂದು ಬಿಟ್ಟು 1906ರಲ್ಲಿ ತೀರಿಕೊಂಡರು. 1916ರಲ್ಲಿ ಬೆಳಗಾವಿಯಲ್ಲಿ ಏಳು ಜನ ಸೇರಿ ಕೆ.ಎಲ್.ಇ. ಸಂಸ್ಥೆಯನ್ನು ಕಟ್ಟಿದರು. ಮರುವರ್ಷ, 1917ರಲ್ಲಿ, ಧಾರವಾಡದಲ್ಲಿ ಕರ್ನಾಟಕ ಕಾಲೇಜು ಆರಂಭವಾಯಿತು. ಅದರ ಹಿಂದೆ ಅರಟಾಳ ರುದ್ರಗೌಡರಂಥವರ ಓಡಾಟವಿತ್ತು, ಊರೂರಿನಿಂದ ಕೂಡಿಸಿದ ಹಣವಿತ್ತು. ಮುರುಘಾಮಠದ ಪ್ರಸಾದ ನಿಲಯದಲ್ಲಿ ಉಂಡು ಓದಿದವರ ಮಕ್ಕಳು, ಮೊಮ್ಮಕ್ಕಳು ಈ ಸಭೆಯಲ್ಲಿಯೂ ಇರಬಹುದು. ಹೀಗೆ ಕೊಟ್ಟವರಲ್ಲಿ ಹೆಚ್ಚಿನವರು ತಮ್ಮ ಮಗ ಕಲಿಯಲಿ ಎಂದು ಕೊಟ್ಟವರಲ್ಲ. ತಾವು ಮುಖ ಕಾಣದ ಯಾರದೋ ಮನೆಯ ಮಗು ಕಲಿಯಲಿ ಎಂದು ಕೊಟ್ಟರು. 1949ರಲ್ಲಿ ಕರ್ನಾಟಕ ವಿಶ್ವವಿದ್ಯಾಲಯ ಸ್ಥಾಪನೆಯಾದಾಗ, 1954ರಿಂದ 1967ರವರೆಗೆ ಕುಲಪತಿ ಡಿ.ಸಿ. ಪಾವಟೆಯವರು ಅದನ್ನು ಬೆಳೆಸಿದಾಗ, ಆ ದೇಣಿಗೆಯ ಹೊಣೆಯನ್ನು ಸರಕಾರ ತನ್ನ ಹೆಗಲಿಗೆ ತೆಗೆದುಕೊಂಡಿತು. ದಾನಿಗಳ ಕೆಲಸವನ್ನು ತೆರಿಗೆ ಮಾಡತೊಡಗಿತು. ಯಾರು ಕೊಡುತ್ತಾರೆ, ಯಾರಿಗೆ ದಕ್ಕುತ್ತದೆ ಎಂಬ ಸಂಬಂಧ ಮಾತ್ರ ಬದಲಾಗಿರಲಿಲ್ಲ. ಶುಲ್ಕವೇ ವಿಶ್ವವಿದ್ಯಾಲಯದ ಆಧಾರವಾದಾಗ ಬದಲಾಗುವುದು ಈ ಸಂಬಂಧ: ಕೊಟ್ಟವನೇ ಪಡೆಯುವವನು, ಕೊಡಲಾರದವನು ಹೊರಗೆ.

ಈ ಬದಲಾವಣೆಗೆ ತಾರೀಖುಗಳಿವೆ. ರಾಷ್ಟ್ರೀಯ ವರಮಾನದ ಶೇ. 6ರಷ್ಟನ್ನು ಶಿಕ್ಷಣಕ್ಕೆ ಖರ್ಚು ಮಾಡಬೇಕೆಂದು 1964–66ರ ಕೊಠಾರಿ ಆಯೋಗ ಹೇಳಿತ್ತು. ಆ ಗುರಿಯನ್ನು ನಾವು ಒಂದು ವರ್ಷವೂ ಮುಟ್ಟಲಿಲ್ಲ. 2020ರ ರಾಷ್ಟ್ರೀಯ ಶಿಕ್ಷಣ ನೀತಿಯೂ ಅದೇ ಶೇ. 6ನ್ನು ಮತ್ತೊಮ್ಮೆ ಬರೆಯಿತು. ಉದಾರೀಕರಣದ ಮರುವರ್ಷಗಳಲ್ಲಿಯೇ, 1992–93ರಲ್ಲಿ, ವಿಶ್ವವಿದ್ಯಾಲಯಗಳು ತಮ್ಮ ಆವರ್ತಕ ವೆಚ್ಚದ ಶೇ. 15ರಷ್ಟನ್ನು, ಹತ್ತು ವರ್ಷ ಕಳೆಯುವುದರೊಳಗೆ ಕನಿಷ್ಠ ಶೇ. 25ರಷ್ಟನ್ನು ತಾವೇ ಸಂಪಾದಿಸಿಕೊಳ್ಳಬೇಕೆಂದು ನ್ಯಾಯಮೂರ್ತಿ ಪುನ್ನಯ್ಯ ಸಮಿತಿ ಸೂಚಿಸಿತು. 2000ದಲ್ಲಿ ಪ್ರಧಾನಿಯವರ ವ್ಯಾಪಾರ ಮತ್ತು ಕೈಗಾರಿಕಾ ಮಂಡಳಿಗೆ ಇಬ್ಬರು ಉದ್ಯಮಿಗಳು, ಮುಕೇಶ್ ಅಂಬಾನಿ ಮತ್ತು ಕುಮಾರಮಂಗಲಂ ಬಿರ್ಲಾ, ಸಲ್ಲಿಸಿದ ವರದಿ ಇನ್ನೂ ಮುಂದೆ ಹೋಗಿ, ಉನ್ನತ ಶಿಕ್ಷಣದಲ್ಲಿ ಬಳಸುವವನೇ ಬೆಲೆ ತೆರಬೇಕೆಂದು ವಾದಿಸಿತು. 2017ರಲ್ಲಿ ಕೇಂದ್ರ ಸರಕಾರ ಕೆನರಾ ಬ್ಯಾಂಕಿನ ಜೊತೆಗೂಡಿ ಉನ್ನತ ಶಿಕ್ಷಣ ಹಣಕಾಸು ಸಂಸ್ಥೆಯನ್ನು ಆರಂಭಿಸಿದ ಮೇಲೆ, ಕಟ್ಟಡಕ್ಕೆ, ಪ್ರಯೋಗಾಲಯಕ್ಕೆ ಅನುದಾನ ಬರುತ್ತಿದ್ದ ಕಡೆ ಸಾಲ ಬರತೊಡಗಿತು. ಸಾಲವನ್ನು ತೀರಿಸಬೇಕಾದ ಸಂಸ್ಥೆ ಕೊನೆಗೆ ಕೈಚಾಚುವುದು ವಿದ್ಯಾರ್ಥಿಯ ಮುಂದೆಯೇ.

ಕಾನೂನಿನ ದಾರಿಯೂ ಬಹುಪಾಲು ನಮ್ಮ ರಾಜ್ಯದ ಮೂಲಕವೇ ಸಾಗಿತು. ಡೊನೇಶನ್ ಹಾವಳಿ ತಡೆಯಲು ಕರ್ನಾಟಕ 1984ರಲ್ಲಿ ಕಾಯ್ದೆ ಮಾಡಿತು. ತುಮಕೂರಿನ ವೈದ್ಯಕೀಯ ಸೀಟಿಗೆ ವರ್ಷಕ್ಕೆ 60,000 ರೂಪಾಯಿ ಕಟ್ಟಲಾಗದ ಉತ್ತರ ಪ್ರದೇಶದ ವಿದ್ಯಾರ್ಥಿನಿಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1992ರಲ್ಲಿ, ಶಿಕ್ಷಣ ಪ್ರಜೆಯ ಹಕ್ಕು, ಕ್ಯಾಪಿಟೇಶನ್ ಶುಲ್ಕ, ಅಂದರೆ ಸೀಟಿಗಾಗಿ ಪಡೆಯುವ ಡೊನೇಶನ್, ಆ ಹಕ್ಕಿನ ನಿರಾಕರಣೆ ಎಂದಿತು. ಮರುವರ್ಷವೇ ಉನ್ನಿಕೃಷ್ಣನ್ ತೀರ್ಪು ಅರ್ಧ ಫ್ರೀ ಸೀಟು, ಅರ್ಧ ಪೇಮೆಂಟ್ ಸೀಟು ಎಂಬ ವ್ಯವಸ್ಥೆ ತಂದಿತು. 2002ರಲ್ಲಿ ಟಿ.ಎಂ.ಎ. ಪೈ ಪ್ರತಿಷ್ಠಾನದ ಪ್ರಕರಣದಲ್ಲಿ ಹನ್ನೊಂದು ನ್ಯಾಯಮೂರ್ತಿಗಳ ಪೀಠ ಆ ಯೋಜನೆಯನ್ನು ಕೈಬಿಟ್ಟು, ಅನುದಾನರಹಿತ ಸಂಸ್ಥೆಗಳಿಗೆ ಶುಲ್ಕ ನಿಗದಿಯಲ್ಲಿ ಹೆಚ್ಚಿನ ಸ್ವಾತಂತ್ರ್ಯ ಕೊಟ್ಟಿತು. ಲಾಭಕೋರತನ ಸಲ್ಲದು, ಆದರೆ ಸಂಸ್ಥೆಯ ಬೆಳವಣಿಗೆಗೆ ಯುಕ್ತ ಮಿಗತೆ ಇರಬಹುದು ಎಂದು ಆ ತೀರ್ಪು ಗೆರೆ ಎಳೆಯಿತು. ಆ ಗೆರೆ ಎಲ್ಲಿದೆ ಎಂದು ಹುಡುಕುವ ಕೆಲಸ ಇಂದಿಗೂ ಮುಗಿದಿಲ್ಲ.

ಈಗ ವಿಶ್ವವಿದ್ಯಾಲಯದ ಒಳಗೆ ಬರೋಣ. ಸ್ನಾತಕೋತ್ತರ ಪ್ರವೇಶ ಮುಗಿಯುತ್ತಿದ್ದಂತೆ ವಿಭಾಗದ ಮುಖ್ಯಸ್ಥರು ಮೊದಲು ನೋಡುವುದು ಸಂಖ್ಯೆಯನ್ನು. ಮುಂದಿನ ವರ್ಷ ಅತಿಥಿ ಉಪನ್ಯಾಸಕರು ಸಿಗುವರೋ ಇಲ್ಲವೋ, ಐಚ್ಛಿಕ ಪತ್ರಿಕೆ ಉಳಿಯುವುದೋ ಇಲ್ಲವೋ ಎಲ್ಲ ಆ ಸಂಖ್ಯೆಯ ಮೇಲೆ ನಿಂತಿರುತ್ತದೆ. ವಾಣಿಜ್ಯ, ಎಂ.ಬಿ.ಎ., ಗಣಕ ವಿಜ್ಞಾನದ ಕಡೆ ಸಾಲು ಇರುತ್ತದೆ. ತತ್ತ್ವಶಾಸ್ತ್ರ, ಸಂಸ್ಕೃತ, ಶಾಸನಶಾಸ್ತ್ರದ ಕಡೆ ಇರುವುದಿಲ್ಲ. ನಿವೃತ್ತರಾದ ಪ್ರಾಧ್ಯಾಪಕರ ಜಾಗ ಖಾಲಿ ಉಳಿಯುತ್ತದೆ; ಜಾಗ ಖಾಲಿ ಇದ್ದುದರಿಂದ ವಿದ್ಯಾರ್ಥಿ ಬರುವುದಿಲ್ಲ; ವಿದ್ಯಾರ್ಥಿ ಬಾರದುದರಿಂದ ಜಾಗ ತುಂಬುವ ಅಗತ್ಯವಿಲ್ಲ ಎಂಬ ಟಿಪ್ಪಣಿ ಕಡತದಲ್ಲಿ ಬರುತ್ತದೆ. ಒಂದು ವಿಷಯವನ್ನು ಮುಚ್ಚಬೇಕೆಂದು ಯಾರೂ ತೀರ್ಮಾನಿಸದೆಯೇ ಅದು ಹೀಗೆ ಮುಚ್ಚಿಹೋಗುತ್ತದೆ.

ಗದಗದ ಪಕ್ಕದ ಲಕ್ಕುಂಡಿಯನ್ನೇ ತೆಗೆದುಕೊಳ್ಳಿ. ಅಲ್ಲಿನ ಬ್ರಹ್ಮಜಿನಾಲಯದ 1007ರ ಶಾಸನ ಅತ್ತಿಮಬ್ಬೆಯನ್ನು ನಮಗೆ ಕೊಟ್ಟಿದೆ. ಪೊನ್ನನ ಕಾವ್ಯದ ಸಾವಿರ ಪ್ರತಿಗಳನ್ನು ಬರೆಸಿ ಹಂಚಿದ ಆ ದಾನಚಿಂತಾಮಣಿಯ ವಿಷಯ ಇವತ್ತು ಪಠ್ಯಪುಸ್ತಕದಲ್ಲಿದೆಯೆಂದರೆ, ಅದಕ್ಕೆ ಶಾಸನದ ಲಿಪಿಯನ್ನು ಬಿಸಿಲಲ್ಲಿ ಕೂತು ಅಕ್ಷರ ಅಕ್ಷರವಾಗಿ ಓದಿದ ವಿದ್ವಾಂಸರು ಕಾರಣ. 1939ರಲ್ಲಿ ಧಾರವಾಡದಲ್ಲಿ ಕನ್ನಡ ಸಂಶೋಧನಾ ಸಂಸ್ಥೆ ಆರಂಭವಾದದ್ದೂ ಇಂಥ ಕೆಲಸಕ್ಕಾಗಿಯೇ. ಹತ್ತನೆಯ ಶತಮಾನದ ಲಿಪಿಯನ್ನು ತಪ್ಪಿಲ್ಲದೆ ಓದುವ ಒಬ್ಬರನ್ನು ತಯಾರು ಮಾಡಲು ಹತ್ತು ವರ್ಷ ಬೇಕು, ಜೊತೆಗೆ ಕೂತು ಕಲಿಸುವ ಗುರು ಬೇಕು. ಇದಕ್ಕೆ ಯಾವ ಕಂಪನಿಯೂ ಕ್ಯಾಂಪಸ್ ಸಂದರ್ಶನಕ್ಕೆ ಬರುವುದಿಲ್ಲ. ಒಂದು ತಲೆಮಾರು ಕಲಿಸುವುದು ನಿಂತರೆ, ನಂತರ ಹಣ ಸುರಿದರೂ ಆ ವಿದ್ಯೆ ಮರಳಿ ಬರುವುದಿಲ್ಲ, ಏಕೆಂದರೆ ಕಲಿಸುವವರೇ ಉಳಿದಿರುವುದಿಲ್ಲ.

ಬೇಡಿಕೆಯ ಹಿಂದೆ ಓಡುವುದು ತಾಂತ್ರಿಕ ಶಿಕ್ಷಣಕ್ಕೂ ಒಳಿತು ಮಾಡಿಲ್ಲ. 2024–25ರಿಂದ ತಾಂತ್ರಿಕ ಶಿಕ್ಷಣದ ನಿಯಂತ್ರಣ ಸಂಸ್ಥೆಯಾದ ಎ.ಐ.ಸಿ.ಟಿ.ಇ. ಒಂದು ಶಾಖೆಯಲ್ಲಿ ಇಷ್ಟೇ ಸೀಟು ಎಂಬ ಮಿತಿಯನ್ನು ತೆಗೆದುಹಾಕಿದ ಮೇಲೆ, ಕಂಪ್ಯೂಟರ್ ಸೈನ್ಸ್ ಉಬ್ಬುತ್ತಾ, ಸಿವಿಲ್, ಮೆಕ್ಯಾನಿಕಲ್ ಶಾಖೆಗಳು ಸೊರಗುತ್ತಾ ಹೋಗುತ್ತಿವೆ. ಹಳ್ಳಿಯ ಕೆರೆ, ರಸ್ತೆ, ಕುಡಿಯುವ ನೀರಿನ ಕೆಲಸಕ್ಕೆ ನಾಳೆ ಯಾರು ಎಂಬ ಪ್ರಶ್ನೆ ಸೀಟಿನ ಬೇಡಿಕೆಯಲ್ಲಿ ಕಾಣಿಸುವುದಿಲ್ಲ.

ಈ ಲೆಕ್ಕಾಚಾರದ ಭಾರ ಎಲ್ಲಕ್ಕಿಂತ ಹೆಚ್ಚು ಬಿದ್ದಿರುವುದು ಅತಿಥಿ ಉಪನ್ಯಾಸಕರ ಮೇಲೆ. ರಾಜ್ಯದ ಸರಕಾರಿ ಪ್ರಥಮ ದರ್ಜೆ ಕಾಲೇಜುಗಳಲ್ಲಿ ಇವರ ಸಂಖ್ಯೆ ಹತ್ತು ಸಾವಿರ ದಾಟಿದೆ. ಎಷ್ಟೋ ಕಾಲೇಜುಗಳಲ್ಲಿ ಖಾಯಂ ಅಧ್ಯಾಪಕರಿಗಿಂತ ಇವರೇ ಹೆಚ್ಚು. ತಿಂಗಳಿಗೆ 11,000–13,000 ರೂಪಾಯಿ ಇದ್ದ ಗೌರವಧನ, ದೀರ್ಘ ಮುಷ್ಕರದ ನಂತರ 2022ರ ಜನವರಿಯಲ್ಲಿ 26,000ದಿಂದ 32,000ದವರೆಗೆ ಏರಿತು. ಅದರ ಜೊತೆಗೆ ವಾರದ ಕಾರ್ಯಭಾರವೂ ಹೆಚ್ಚಿದ್ದರಿಂದ ಹಲವರು ಕೆಲಸವನ್ನೇ ಕಳೆದುಕೊಂಡರು. ಹದಿನೈದು ವರ್ಷ ಪಾಠ ಮಾಡಿದ, ಪಿಎಚ್.ಡಿ. ಮುಗಿಸಿದ ಗೆಳೆಯರೊಬ್ಬರು ನನ್ನೆದುರು ಹೇಳಿದ್ದರು: “ಸರ್, ಕ್ಲಾಸಿನ್ಯಾಗ ನಿಂತಾಗ ನಾ ಪ್ರೊಫೆಸರ್. ಪರೀಕ್ಷಾ ಮುಗದ ಮರುದಿನ ನಾ ಯಾರೂ ಅಲ್ಲ. ಬ್ಯಾಂಕಿನವ್ರು ಸಾಲ ಕೊಡೂದಿಲ್ಲ, ಬೀಗರು ಹೆಣ್ಣ ಕೊಡೂದಿಲ್ಲ.” ಅವರ ಕೈಯಲ್ಲಿದ್ದ ಚೀಲದಲ್ಲಿ ಎರಡು ಕಾಲೇಜಿನ ಹಾಜರಿ ಪುಸ್ತಕಗಳಿದ್ದವು. ಬೆಳಗ್ಗೆ ಒಂದೂರು, ಮಧ್ಯಾಹ್ನ ಇನ್ನೊಂದೂರು. ಇಂಥವರಿಂದ ಸಂಶೋಧನೆ ಬರಲಿ, ವಿದ್ಯಾರ್ಥಿಗಳ ಜೊತೆ ಸಂಜೆಯ ಚರ್ಚೆ ನಡೆಯಲಿ ಎಂದು ಯಾವ ಮುಖ ಹೊತ್ತು ನಿರೀಕ್ಷಿಸುವುದು? ಆಡಳಿತದ ತಪ್ಪನ್ನು ತಪ್ಪೆಂದು ಹೇಳುವ ಧೈರ್ಯವನ್ನೂ ಮುಂದಿನ ಜೂನ್‌ನಲ್ಲಿ ಕೆಲಸ ಉಳಿಯುವುದೋ ಇಲ್ಲವೋ ತಿಳಿಯದವರಿಂದ ಕೇಳುವುದು ಅನ್ಯಾಯ.

ಇದೇ ಅವಧಿಯಲ್ಲಿ ಅಳತೆಗೋಲುಗಳು ಹೆಚ್ಚಿದವು. ಸಂಸ್ಥೆಗಳ ಗುಣಮಟ್ಟ ಅಳೆದು ಗ್ರೇಡ್ ಕೊಡುವ ನ್ಯಾಕ್ 1994ರಲ್ಲಿ ಬಂತು, ಅಧ್ಯಾಪಕರಿಗೆ ಅಂಕ ಹಾಕುವ ಎ.ಪಿ.ಐ. ಪದ್ಧತಿ 2010ರಲ್ಲಿ, ರಾಷ್ಟ್ರೀಯ ರ್‍ಯಾಂಕಿಂಗ್ ಪಟ್ಟಿ 2016ರಲ್ಲಿ. ಪ್ರಬಂಧಗಳ ಸಂಖ್ಯೆಗೆ ಅಂಕ ಸಿಗತೊಡಗಿದ ಕೂಡಲೇ ಹಣ ಪಡೆದು ವಾರದೊಳಗೆ ಪ್ರಬಂಧ ಅಚ್ಚು ಹಾಕುವ ನಿಯತಕಾಲಿಕೆಗಳು ಹುಟ್ಟಿಕೊಂಡವು. ಗ್ರೇಡ್ ಇದ್ದರೆ ಪ್ರವೇಶ, ಪ್ರವೇಶ ಇದ್ದರೆ ಆದಾಯ ಎಂದಾದಾಗ ಗ್ರೇಡಿಗೇ ಬೆಲೆ ಕಟ್ಟುವವರು ಬಂದರು. ಒಳ್ಳೆಯ ಗ್ರೇಡಿಗಾಗಿ ಲಂಚ ಪಡೆದ ಆರೋಪದ ಮೇಲೆ 2025ರ ಫೆಬ್ರವರಿಯಲ್ಲಿ ನ್ಯಾಕ್ ಪರಿಶೀಲನಾ ತಂಡದ ಸದಸ್ಯರನ್ನೇ ಸಿ.ಬಿ.ಐ. ಬಂಧಿಸಿತು.

ಹೊರದೇಶಗಳಲ್ಲಿಯೂ ಕತೆ ಇದಕ್ಕಿಂತ ಬೇರೆಯಲ್ಲ. ಇಂಗ್ಲೆಂಡಿನಲ್ಲಿ 1998ರಲ್ಲಿ ವರ್ಷಕ್ಕೆ 1,000 ಪೌಂಡ್‌ನಿಂದ ಶುರುವಾದ ಬೋಧನಾ ಶುಲ್ಕದ ಮಿತಿ 2012ರ ಹೊತ್ತಿಗೆ 9,000ಕ್ಕೆ ಮುಟ್ಟಿತು. ಮೊದಲು ಸಣ್ಣ ಮೊತ್ತವನ್ನು ಒಪ್ಪಿಸುವುದು, ಆಮೇಲೆ ಏರಿಸುವುದು ಎಂಬ ಕ್ರಮವನ್ನು ನಾವೂ ಗಮನದಲ್ಲಿಡಬೇಕು.

ಖಾಸಗಿ ಸಂಸ್ಥೆಗಳಿಲ್ಲದಿದ್ದರೆ ಇಷ್ಟು ಮಕ್ಕಳಿಗೆ ಸೀಟು ಎಲ್ಲಿಂದ ಬರುತ್ತಿತ್ತು ಎಂದು ಕೇಳುವವರಿದ್ದಾರೆ. ಅದು ನ್ಯಾಯವಾದ ಪ್ರಶ್ನೆ. ಹುಬ್ಬಳ್ಳಿಯಲ್ಲಿ 1947ರಲ್ಲಿ ಆರಂಭವಾದ ಬಿ.ವಿ.ಬಿ. ತಾಂತ್ರಿಕ ಕಾಲೇಜು ಸಾವಿರಾರು ಎಂಜಿನಿಯರುಗಳನ್ನು ಕೊಟ್ಟಿದೆ. ಅದನ್ನು ಕಟ್ಟಿದ್ದು ಸರಕಾರವಲ್ಲ. ನನ್ನ ತಕರಾರು ಸರಕಾರೇತರ ಶಿಕ್ಷಣದ ಬಗ್ಗೆ ಅಲ್ಲವೇ ಅಲ್ಲ. ಸಮಾಜ ಕಟ್ಟಿದ ಸಂಸ್ಥೆಗೂ ಹೂಡಿಕೆಯ ಲೆಕ್ಕದಲ್ಲಿ ನಡೆಯುವ ಸಂಸ್ಥೆಗೂ ಇರುವ ವ್ಯತ್ಯಾಸವನ್ನು ನಮ್ಮ ಭಾಗದ ಜನರಿಗೆ ಯಾರೂ ವಿವರಿಸಬೇಕಿಲ್ಲ. ಸರಕಾರ ಹಿಂದೆ ಸರಿದು, ಉಳಿದ ಸರಕಾರಿ ಸಂಸ್ಥೆಗಳಿಗೂ ಎರಡನೆಯ ಬಗೆಯ ಸಂಸ್ಥೆಯನ್ನೇ ಮಾದರಿಯಾಗಿ ತೋರಿಸುವುದನ್ನು ನಾನು ಒಪ್ಪುವುದಿಲ್ಲ.

ಉದ್ಯೋಗಕ್ಕಾಗಿ ಓದು ಎನ್ನುತ್ತಲೇ ಬಂದ ಈ ವ್ಯವಸ್ಥೆ ಉದ್ಯೋಗವನ್ನಾದರೂ ಕೊಟ್ಟಿದೆಯೇ ಎಂದು ನೋಡಬೇಕಾದರೆ ಇಲ್ಲಿಯ ಸಪ್ತಾಪುರ ಬಡಾವಣೆಗೆ ಹೋಗಬೇಕು. ಎಂ.ಎ., ಎಂ.ಎಸ್ಸಿ., ಬಿ.ಇ. ಮುಗಿಸಿದ ಹುಡುಗ ಹುಡುಗಿಯರು ತಿಂಗಳಿಗೆ ಇಷ್ಟು ಎಂದು ಕಟ್ಟಿ, ಖಾಸಗಿ ವಾಚನಾಲಯಗಳಲ್ಲಿ ಹಲಗೆಯಿಂದ ಪಾಲು ಮಾಡಿದ ಒಂದೊಂದು ಕುರ್ಚಿ ಹಿಡಿದು ಓದುತ್ತಾರೆ. ಪಿ.ಎಸ್.ಐ., ಎಫ್.ಡಿ.ಎ., ಕೆ.ಎ.ಎಸ್. ಅಧಿಸೂಚನೆಗಾಗಿ ವರ್ಷಗಟ್ಟಲೆ ಕಾಯುತ್ತಾರೆ. ಗುಡ್ಡದ ಮೇಲಿನ ವಿಶ್ವವಿದ್ಯಾಲಯದಲ್ಲಿ ಪಡೆದ ಪದವಿಯ ಮೇಲೆ ಇನ್ನೊಂದು ಶಿಕ್ಷಣವನ್ನು ಅವರು ಮತ್ತೆ ಹಣ ಕೊಟ್ಟು ಕೊಳ್ಳಬೇಕಾಗಿದೆ. ಅವರಲ್ಲಿ ಬಹಳಷ್ಟು ಜನ ಬಯಸುತ್ತಿರುವುದು ಅದೇ ಸರಕಾರ ತುಂಬದೆ ಬಿಟ್ಟಿರುವ ಹುದ್ದೆಗಳನ್ನು.

ಕೊನೆಯದಾಗಿ ಹಾವೇರಿಯ ವಿಷಯ. ಕರ್ನಾಟಕ ವಿಶ್ವವಿದ್ಯಾಲಯದಿಂದ ಬೇರ್ಪಡಿಸಿ 2023ರಲ್ಲಿ ಆರಂಭಿಸಿದ ಹಾವೇರಿ ವಿಶ್ವವಿದ್ಯಾಲಯಕ್ಕೆ ಬೇಕಾದ ಹುದ್ದೆ, ಅನುದಾನ ಯಾವುದನ್ನೂ ಸಾಕಷ್ಟು ಕೊಡಲಿಲ್ಲ. ಎರಡೇ ವರ್ಷಕ್ಕೆ, 2025ರ ಫೆಬ್ರವರಿಯಲ್ಲಿ, ಅದೂ ಸೇರಿ ಒಂಬತ್ತು ಹೊಸ ವಿಶ್ವವಿದ್ಯಾಲಯಗಳು ಆರ್ಥಿಕವಾಗಿ ನಡೆಯಲಾರವೆಂದು ಸಂಪುಟ ಉಪಸಮಿತಿ ಅವುಗಳನ್ನು ಮುಚ್ಚುವ ಕಡೆಗೆ ಒಲವು ತೋರಿತು. ಸಿದ್ಧತೆಯಿಲ್ಲದೆ ವಿಶ್ವವಿದ್ಯಾಲಯ ಘೋಷಿಸಿದ್ದು ಒಂದು ಸರಕಾರದ ತಪ್ಪು. ಆದರೆ ಹಾನಗಲ್ಲು, ಹಿರೇಕೆರೂರು, ರಟ್ಟಿಹಳ್ಳಿ ಕಡೆಯಿಂದ ಬೆಳಗಿನ ಬಸ್ಸು ಹಿಡಿದು ಬಂದು ಸಂಜೆ ಮನೆ ಸೇರುವ ವಿದ್ಯಾರ್ಥಿನಿಗೆ, ಧಾರವಾಡದಲ್ಲಿ ಕೋಣೆ ಮಾಡಿ ಓದು ಎಂದು ಹೇಳುವ ಮೊದಲು ಆಕೆಯ ಮನೆಯ ಪರಿಸ್ಥಿತಿ ತಿಳಿದಿರಬೇಕು. ಅದರ ನಂತರ ಬಂದು ಮಹಿಳೆಯರಿಗೆ ಬಸ್ ಪ್ರಯಾಣವನ್ನು ಉಚಿತ ಮಾಡಿದ ಸರಕಾರ, ಆ ಬಸ್ಸು ತಲುಪಿಸುವ ತರಗತಿಯನ್ನು ಮಾತ್ರ ನಷ್ಟದ ಬಾಬತ್ತು ಎಂದು ಬರೆದರೆ ನಾವು ಸುಮ್ಮನಿರಬಾರದು. ವಿಶ್ವವಿದ್ಯಾಲಯವೆಂಬ ಫಲಕ ಉಳಿಯಲಿ, ಇಲ್ಲವೆ ಮೊದಲಿನಂತೆ ಸ್ನಾತಕೋತ್ತರ ಕೇಂದ್ರವೇ ಆಗಲಿ. ಅಲ್ಲಿನ ಪ್ರತಿ ವಿಭಾಗಕ್ಕೆ ಖಾಯಂ ಅಧ್ಯಾಪಕರನ್ನು ಯಾವ ವರ್ಷದೊಳಗೆ ನೇಮಿಸುತ್ತೀರಿ ಎಂಬ ಪ್ರಶ್ನೆಯನ್ನು ಹಾವೇರಿ, ಗದಗ, ಧಾರವಾಡ ಜಿಲ್ಲೆಗಳ ಶಾಸಕರಿಗೆ ಪಕ್ಷಭೇದವಿಲ್ಲದೆ ಕೇಳಬೇಕು. ಉತ್ತರವನ್ನು ಬರೆಹದಲ್ಲಿ ಪಡೆಯಬೇಕು.