ತೆಂಗಿನಕಾಯಿ ಎದ್ದು ನಿಂತರೆ ಏನು ಬರೆದುಕೊಳ್ಳಬೇಕು?

ಎಲ್ಲರಿಗೂ ನಮಸ್ಕಾರ. ಇಲ್ಲಿ ಕೂತಿರುವವರಲ್ಲಿ ಜಾಸ್ತಿ ಜನ ಈ ವರ್ಷ ಪ್ರಾಜೆಕ್ಟ್ ಮಾಡಬೇಕಾದವರು. ವೈಜ್ಞಾನಿಕ ವಿಧಾನ ಅಂದರೇನು ಅಂತ ಕೇಳಿದರೆ, ಗಮನಿಸುವುದು, ಊಹೆ, ಪ್ರಯೋಗ, ತೀರ್ಮಾನ ಅಂತ ಹೈಸ್ಕೂಲಿನಲ್ಲಿ ಬಾಯಿಪಾಠ ಮಾಡಿದ್ದನ್ನು ಒಪ್ಪಿಸಿಬಿಡುತ್ತೀರಿ. ತಪ್ಪೇನಿಲ್ಲ. ಆದರೆ ಮುಖ್ಯವಾದದ್ದೇ ಅದರಲ್ಲಿ ಬಿಟ್ಟುಹೋಗಿದೆ. ನಿಮ್ಮ ಊಹೆ ಸುಳ್ಳಾಗಿದ್ದರೆ ಅದು ಗೊತ್ತಾಗುವ ಹಾಗೆ ಪ್ರಯೋಗ ಇರಬೇಕು, ಏನು ಕಂಡರೆ ಸುಳ್ಳು ಅಂತ ಒಪ್ಪುತ್ತೀರಿ ಅನ್ನುವುದನ್ನು ನೋಡುವ ಮೊದಲೇ ಬರೆದಿಡಬೇಕು. ನಾನು ಹೇಳಬೇಕು ಅಂತ ಬಂದಿರುವುದು ಇದನ್ನೇ. ನಮ್ಮ ಕೋಲಾರದ ನೀರನ್ನೇ ಇಟ್ಟುಕೊಂಡು ಹೇಳುತ್ತೇನೆ.

ಬೋರ್ ಕೊರೆಸುವ ಮುಂಚೆ ನೀರು ನೋಡುವವರನ್ನು ಕರೆಸುವುದು ನಿಮಗೆಲ್ಲ ಗೊತ್ತು. ಅಂಗೈ ಮೇಲೆ ತೆಂಗಿನಕಾಯಿ ಮಲಗಿಸಿಕೊಂಡು ಹೊಲದ ತುಂಬ ನಡೆಯುತ್ತಾರೆ. ಒಂದು ಕಡೆ ಕಾಯಿ ಜುಟ್ಟು ಮೇಲೆ ಮಾಡಿಕೊಂಡು ಎದ್ದು ನಿಲ್ಲುತ್ತದೆ. ಅಲ್ಲೊಂದು ಕಲ್ಲಿಟ್ಟು ಪಾಯಿಂಟ್ ಮಾಡುತ್ತಾರೆ. ಕೆಲವರು ಬೇವಿನ ಕವಲು ಕಡ್ಡಿ ಹಿಡಿಯುತ್ತಾರೆ. ಇದನ್ನು ಮೂಢನಂಬಿಕೆ ಅಂತ ಕೂತಲ್ಲೇ ತಳ್ಳಿಹಾಕುವವರು ಪರೀಕ್ಷೆ ಮಾಡಿ ನೋಡಿರುವುದಿಲ್ಲ. ಅವರು ತೋರಿಸಿದ ಕಡೆ ನಮಗೆ ಎರಡಿಂಚು ನೀರು ಬಂತು ಅನ್ನುವವರೂ ಅಷ್ಟೇ.

ನೀರು ಬಂದದ್ದೇ ಸಾಕ್ಷಿ ಅಲ್ವಾ ಅಂತ ನೀವು ಕೇಳಬಹುದು. ನಮ್ಮ ನೆಲ ನೋಡಿ. ಮೇಲೆ ಸವೆದು ಪುಡಿಯಾದ ಪದರ, ಕೆಳಗೆಲ್ಲ ಗಟ್ಟಿ ಬಂಡೆ, ನೀರು ಇರುವುದು ಬಂಡೆಯ ಬಿರುಕುಗಳಲ್ಲಿ. ಸಾವಿರ ಅಡಿ ದಾಟಿ ಕೊರೆಯುತ್ತಾ ಹೋದರೆ ಕಾಯಿ ಎದ್ದು ನಿಂತಿರಲಿ ಬಿಡಲಿ, ಎಲ್ಲೋ ಒಂದು ಬಿರುಕು ಸಿಗುವ ಸಾಧ್ಯತೆ ಇದ್ದೇ ಇದೆ. ಆದ್ದರಿಂದ ಕೇಳಬೇಕಾದದ್ದು ಇದು: ಯಾರನ್ನೂ ಕರೆಸದೆ ಕೊರೆಸಿದವರಿಗೆ ಎಷ್ಟು ಸಿಕ್ಕಿತು? ಸುಮ್ನೆ ಉದಾಹರಣೆಗೆ ಅಂದುಕೊಳ್ಳಿ, ಕಾಯಿ ಹಿಡಿದು ಹಾಕಿದ 10 ಬೋರಿನಲ್ಲಿ 6ಕ್ಕೆ ನೀರು ಬಂತು, ಹಾಗೇ ಕೊರೆಸಿದ 10ರಲ್ಲೂ 6ಕ್ಕೆ ಬಂತು. ಆಗ ಕಾಯಿ ಮಾಡಿದ ಕೆಲಸವೇನು? ಇನ್ನೊಂದು ವಿಷಯ, ಫೇಲ್ ಆದ ಬೋರಿನ ಸುದ್ದಿ ನಿಮ್ಮ ಕಿವಿಗೆ ಬೀಳುವುದೇ ಕಡಿಮೆ. ಸಾಲ ಮಾಡಿ ಕೊರೆಸಿ ಬರೀ ಧೂಳು ನೋಡಿದ ರೈತ ಅದನ್ನು ಊರೆಲ್ಲ ಹೇಳಿಕೊಂಡು ತಿರುಗುತ್ತಾನಾ? ಅದಕ್ಕೇ ಪಟ್ಟಿ ಮಾಡುವಾಗ ಒಂದು ಊರಿನ ಎಲ್ಲ ಬೋರುಗಳನ್ನೂ ಬರೆದುಕೊಳ್ಳಬೇಕು, ಮುಚ್ಚಿಹೋದವನ್ನೂ ಸೇರಿಸಿ.

ನೀರು ನೋಡುವವರಿಗೆ ಏನೂ ಗೊತ್ತಿಲ್ಲ ಅಂತ ನಾನು ಹೇಳುತ್ತಿಲ್ಲ. ಅವರಿಗೆ ಕಣ್ಣಿದೆ, ವರ್ಷಗಳ ಅನುಭವ ಇದೆ. ಜಮೀನು ಎತ್ತ ಇಳಿಜಾರಾಗಿದೆ, ಯಾವ ಮರ ಬೇಸಿಗೆಯಲ್ಲೂ ಹಸಿರಾಗಿದೆ, ಪಕ್ಕದವರ ಬೋರ್ ಎಲ್ಲಿ ಓಡುತ್ತಿದೆ, ಎಲ್ಲ ಕಾಣುತ್ತದೆ. ಹುತ್ತ, ಮರಗಿಡ ನೋಡಿ ನೆಲದೊಳಗಿನ ನೀರು ಗುರುತಿಸುವ ಮಾತು ವರಾಹಮಿಹಿರನ ಬೃಹತ್ ಸಂಹಿತೆಯಲ್ಲೇ ಇದೆ. ಹಾಗಾದರೆ ನೀರು ತೋರಿಸಿದ್ದು ಕಾಯಿಯೋ ಕಣ್ಣೋ? ಇವೆರಡನ್ನು ಬೇರೆ ಮಾಡುವುದೇ ಪ್ರಯೋಗ. ಅದಕ್ಕೆ ಜಾಸ್ತಿ ಖರ್ಚೂ ಇಲ್ಲ. ಮೊದಲ ದಿನ ಅವರು ನಡೆದು ತೋರಿಸಿದ ಜಾಗಗಳನ್ನು ಅಳತೆ ಸಮೇತ ಬರೆದುಕೊಂಡು, ಗುರುತು ಅಳಿಸಿಬಿಡಿ. ಎರಡನೇ ದಿನ ಅವರ ಒಪ್ಪಿಗೆ ಪಡೆದು ಕಣ್ಣಿಗೆ ಬಟ್ಟೆ ಕಟ್ಟಿ, ಬೇರೆ ದಿಕ್ಕಿನಿಂದ ಅದೇ ಹೊಲದಲ್ಲಿ ನಡೆಸಿ. ಕೈ ಹಿಡಿದು ನಡೆಸುವವರಿಗೂ ಹಿಂದಿನ ದಿನದ ಜಾಗ ಗೊತ್ತಿರಬಾರದು. ಅದೇ ಜಾಗಗಳಲ್ಲಿ ಕಾಯಿ ಏಳುತ್ತದಾ? ಎಷ್ಟು ಅಡಿ ಆಚೀಚೆ ಆದರೆ ಅದೇ ಜಾಗ ಅಂತ ಒಪ್ಪುತ್ತೀರಿ? ಆ ಅಳತೆಯನ್ನು ಮೊದಲ ದಿನವೇ, ಅವರ ಎದುರಿಗೇ ಬರೆದಿಡಿ.

1980ರ ದಶಕದ ಕೊನೆಯಲ್ಲಿ ಜರ್ಮನಿಯ ಮ್ಯೂನಿಕ್ ಹತ್ತಿರ ಇಂಥದ್ದೇ ದೊಡ್ಡ ಪರೀಕ್ಷೆ ನಡೆಯಿತು. ಒಂದು ಕಣಜದ ಕೆಳಗಿನ ಅಂತಸ್ತಿನಲ್ಲಿ ನೀರಿನ ಪೈಪನ್ನು ಗಾಡಿ ಮೇಲಿಟ್ಟು ಅತ್ತಿತ್ತ ಸರಿಸುವುದು, ಮೇಲಿನ ಅಂತಸ್ತಿನಲ್ಲಿ ಕಡ್ಡಿ ಹಿಡಿದವರು ಪೈಪ್ ಎಲ್ಲಿದೆ ಅಂತ ಹೇಳುವುದು. 43 ಜನ, ಒಟ್ಟು 843 ಸಲ. ನಡೆಸಿದವರು, ಜಾಸ್ತಿ ಜನರಿಗೆ ಆಗಲಿಲ್ಲ, ಆದರೆ ಕೆಲವರಿಗೆ ಆ ಶಕ್ತಿ ಇದೆ ಅಂದರು. ಆಮೇಲೆ ಅಮೆರಿಕದ ಎನ್‌ರೈಟ್ ಎಂಬ ವಿಜ್ಞಾನಿ ಅದೇ ಅಂಕಿಗಳನ್ನು ಮತ್ತೆ ಬಿಡಿಸಿ ನೋಡಿದರು. ಒಂದು ಸುತ್ತಿನಲ್ಲಿ ಗೆದ್ದವರು ಬೇರೆ ಸುತ್ತಿನಲ್ಲಿ ಗೆದ್ದಿರಲಿಲ್ಲ. ಅಷ್ಟು ಜನ ಅಷ್ಟು ಸಲ ಹೇಳಿದರೆ ಯಾರದ್ದಾದರೂ ಒಂದೆರಡು ಸರಿ ಬಿದ್ದೇ ಬೀಳುತ್ತದೆ. ಫಲಿತಾಂಶ ಬಂದ ಮೇಲೆ ಗೆದ್ದವರನ್ನು ಆರಿಸಿಕೊಂಡರೆ ಯಾವ ಊಹೆಯನ್ನಾದರೂ ನಿಜ ಮಾಡಬಹುದು. ನಿಮ್ಮ ಪ್ರಾಜೆಕ್ಟಿನಲ್ಲೂ ಆಗುವುದು ಇದೇ. ಹತ್ತು ಗ್ರಾಫ್ ಹಾಕಿ, ಚೆನ್ನಾಗಿ ಕಂಡ ಒಂದನ್ನು ಮಾತ್ರ ರಿಪೋರ್ಟಿಗೆ ಅಂಟಿಸಬೇಡಿ.

ಸೊನ್ನೆ ಬಂದರೆ ಬೇಜಾರಾಗಲೂ ಬೇಡಿ. ಇಲ್ಲೇ ಕೆಜಿಎಫ್‌ನಲ್ಲಿ, 1960ರ ದಶಕದ ಆರಂಭದಲ್ಲಿ, ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯವರು ಚಿನ್ನದ ಗಣಿಯೊಳಗೆ ಉಪಕರಣ ಇಳಿಸಿ, ಆಕಾಶದಿಂದ ಬರುವ ಮ್ಯುವಾನ್ ಕಣಗಳನ್ನು ಬೇರೆ ಬೇರೆ ಆಳದಲ್ಲಿ ಎಣಿಸಿದರು. ಇಳಿದಷ್ಟೂ ಎಣಿಕೆ ಕಡಿಮೆಯಾಯಿತು. ತೀರಾ ಆಳದಲ್ಲಿ ಎರಡು ತಿಂಗಳು ಕಾದರೂ ಒಂದೂ ಸಿಗಲಿಲ್ಲ. ಅವರು ಆ ಸೊನ್ನೆಯನ್ನು ಹಾಗೇ ಬರೆದರು. ನ್ಯೂಟ್ರಿನೋ ಅಂದರೆ ಬಂಡೆಯನ್ನೂ ಸುಲಭವಾಗಿ ದಾಟಿಹೋಗುವ, ಹಿಡಿಯಲು ತುಂಬ ಕಷ್ಟವಾದ ಕಣ. ಬೇರೆ ಕಣಗಳ ಗದ್ದಲವೇ ಇಲ್ಲದ ಇಂಥ ಜಾಗ ಇದ್ದರೆ ಅದನ್ನು ಹುಡುಕಬಹುದಲ್ಲ ಅನ್ನುವ ದಾರಿ ತೆರೆದದ್ದೇ ಆ ಸೊನ್ನೆಯಿಂದ. 1965ರಲ್ಲಿ ವಾತಾವರಣದಲ್ಲಿ ಹುಟ್ಟುವ ನ್ಯೂಟ್ರಿನೋಗಳ ಗುರುತು ಅಲ್ಲೇ ಸಿಕ್ಕಿತು, ಅದೇ ವರ್ಷ ದಕ್ಷಿಣ ಆಫ್ರಿಕಾದ ಗಣಿಯಲ್ಲೂ ಸಿಕ್ಕಿತು. ನಮ್ಮ ಜಿಲ್ಲೆಯ ನೆಲದಡಿ ಇಷ್ಟು ದೊಡ್ಡ ಕೆಲಸ ಆಗಿದೆ ಅನ್ನುವುದು ನಮ್ಮ ಮಕ್ಕಳಿಗೆ ಗೊತ್ತಿಲ್ಲವಲ್ಲ ಅಂತ ನನಗೆ ನಿಜವಾಗಿಯೂ ಸಂಕಟ. 1980ರ ದಶಕದಲ್ಲಿ, ಪರಮಾಣುವಿನೊಳಗಿನ ಪ್ರೋಟಾನ್ ಕಣ ತಾನಾಗಿಯೇ ಒಡೆಯುವುದನ್ನು ಕಂಡಿರಬಹುದು ಅಂತಲೂ ಅಲ್ಲಿಂದ ವರದಿಯಾಯಿತು. ಜಪಾನ್, ಅಮೆರಿಕದ ಇನ್ನೂ ದೊಡ್ಡ ಉಪಕರಣಗಳಿಗೆ ಅದು ಕಾಣಲಿಲ್ಲ, ಹಾಗಾಗಿ ಆ ಮಾತು ನಿಜ ಅಂತ ಉಳಿಯಲಿಲ್ಲ. ಎರಡೂ ಕೆಲಸ ನನಗೆ ಒಂದೇ ಗೌರವದವು, ಎರಡನ್ನೂ ಬೇರೆಯವರು ಪರೀಕ್ಷಿಸುವ ಹಾಗೆ ಮುಂದಿಟ್ಟಿದ್ದರು.

ಕೊನೆಯದಾಗಿ ನಿಮ್ಮ ಪ್ರಾಜೆಕ್ಟ್. 2018ರಿಂದ ಕೆ.ಸಿ. ವ್ಯಾಲಿ ನೀರು, ಅಂದರೆ ಬೆಂಗಳೂರಿನ ಕೊಳಚೆ ನೀರನ್ನು ಸಂಸ್ಕರಿಸಿ ಬಿಡುವ ನೀರು, ನಮ್ಮ ಕೆರೆಗಳಿಗೆ ಬರುತ್ತಿದೆ. ಅದರಿಂದಲೇ ಬೋರುಗಳಲ್ಲಿ ನೀರು ಮೇಲೆ ಬಂತು ಅನ್ನುತ್ತಾರೆ. ಆದರೆ 2021ರಲ್ಲಿ ಮಳೆಯೂ ಜೋರಾಗಿ ಬಂತು, ಅಲ್ವಾ? ಹಾಗಾಗಿ ಕೆ.ಸಿ. ವ್ಯಾಲಿ ನೀರು ತುಂಬಿದ ಕೆರೆಯ ಪಕ್ಕದ ಬೋರುಗಳ ಜೊತೆಗೆ, ಅದೇ ಮಳೆ ಬಿದ್ದು ಆ ನೀರು ಮಾತ್ರ ಬರದ ಕೆರೆಯ ಪಕ್ಕದವನ್ನೂ ಅಳೆಯಬೇಕು. ಹಳೆಯ ಅಳತೆಗಳು ಸಿಕ್ಕರೆ ಎರಡೂ ಕಡೆಯವನ್ನು ಸೇರಿಸಿಕೊಳ್ಳಿ. ಮೋಟಾರ್ ಓಡುತ್ತಿರುವಾಗ ಅಳೆಯಬೇಡಿ, ನಿಲ್ಲಿಸಿ ಕೆಲವು ಗಂಟೆ ಬಿಟ್ಟು ಟೇಪ್ ಇಳಿಸಿ. ಯಾವ ಬೋರುಗಳು, ಯಾವ ತಿಂಗಳು, ಎಷ್ಟು ಅಡಿ ವ್ಯತ್ಯಾಸ ಬಂದರೆ ಹೌದು, ಎಷ್ಟು ಬಂದರೆ ಇಲ್ಲ, ಇಷ್ಟನ್ನು ಒಂದು ಹಾಳೆಯಲ್ಲಿ ಬರೆದು, ತಾರೀಖು ಹಾಕಿ, ನಿಮ್ಮ ಗೈಡ್ ಕೈಗೆ ಕೊಟ್ಟು ಆಮೇಲೆ ಹಳ್ಳಿಗೆ ಹೊರಡಿ. ಪ್ರಶ್ನೆಗಳಿದ್ದರೆ ಈಗ ಕೇಳಿ.