ಇನ್ನೂ ಸಾಯದ ಫೋರ್ ಟ್ವೆಂಟಿ

ಕೇಳುಗರೇ, ನಮಸ್ಕಾರ.

ಮೋಸಗಾರನನ್ನು ನಾವು ಏನೆಂದು ಬೈಯುತ್ತೇವೆ? ‘ಅವನೊಬ್ಬ ಫೋರ್ ಟ್ವೆಂಟಿ’ ಅಂತ, ಅಲ್ವಾ? ಆ ನಂಬರು ಈಗ ಕಾನೂನಿನಲ್ಲಿ ಇಲ್ಲ. 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆ ಜಾರಿಗೆ ಬಂತು. ವಂಚನೆ ಈಗ 318ನೇ ಕಲಂ. ಆದರೆ ‘ಅವನೊಬ್ಬ ತ್ರೀ ಏಟೀನ್’ ಎಂದು ಬೈದವರನ್ನು ನಾನಂತೂ ಕಂಡಿಲ್ಲ.

ಆ 420 ಬಂದದ್ದು ಭಾರತೀಯ ದಂಡ ಸಂಹಿತೆಯಿಂದ. ಮೆಕಾಲೆಯ ಆಯೋಗ 1837ರಲ್ಲೇ ಕರಡು ಬರೆದುಕೊಟ್ಟಿತ್ತು. ಅದು ಇಪ್ಪತ್ತು ವರ್ಷಕ್ಕೂ ಜಾಸ್ತಿ ಹಾಗೇ ಕೂತಿತ್ತು. 1860ರಲ್ಲಿ ಪಾಸಾಗಿ, 1862ರ ಜನವರಿ 1ರಂದು ಜಾರಿಗೆ ಬಂತು.

ಅದಕ್ಕೆ ಮೊದಲು? ನಮ್ಮ ಕಡೆಯದೇ ನೋಡಿ. ತುಂಗಭದ್ರೆಯ ಈಚೆ ಬಳ್ಳಾರಿ, ಮದ್ರಾಸಿಗೆ ಸೇರಿದ್ದು. ಆಚೆ ಧಾರವಾಡ, ಮುಂಬೈಗೆ ಸೇರಿದ್ದು. ಮುಂಬೈಯವರು 1827ರಲ್ಲೇ ತಮ್ಮದೊಂದು ದಂಡದ ಕಾನೂನು ಬರೆದುಕೊಂಡಿದ್ದರು. ಮದ್ರಾಸಿನಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಕೋರ್ಟುಗಳು ಇನ್ನೂ ಇಸ್ಲಾಮಿ ದಂಡನೀತಿಯನ್ನೇ ತೇಪೆ ಹಾಕಿ ನಡೆಸುತ್ತಿದ್ದವು. ಹೊಳೆ ದಾಟಿದರೆ ಕಾನೂನೇ ಬೇರೆ!

ತೇಪೆ ಹಾಕುವ ಕೆಲಸ ಶುರುವಾದದ್ದು ಬಂಗಾಳದಲ್ಲಿ. ಅಲ್ಲಿ ಕೊಲೆಯಾದವನ ವಾರಸುದಾರರು ಕ್ಷಮಿಸಿದರೆ ಕೊಂದವನ ತಲೆ ಉಳಿಯುತ್ತಿತ್ತು. 1790ರಲ್ಲಿ ಗವರ್ನರ್ ಜನರಲ್ ಕಾರ್ನ್‌ವಾಲಿಸ್ ಅದನ್ನು ತೆಗೆದುಹಾಕಿದ. ಕೊಲೆ ಅನ್ನುವುದು ಎರಡು ಮನೆಗಳ ವ್ಯಾಜ್ಯವಲ್ಲ, ಸರ್ಕಾರದ ವಿಷಯ ಎಂದಾಯಿತು. ನನ್ನನ್ನು ಕೇಳಿದರೆ, ಮೆಕಾಲೆಯ ಸಂಹಿತೆಗಿಂತಲೂ ದೊಡ್ಡ ಬದಲಾವಣೆ ಇದೇ. ಮರುವರ್ಷ ಕೈಕಾಲು ಕತ್ತರಿಸುವ ಶಿಕ್ಷೆಯೂ ಹೋಯಿತು. ಒಂದು ಅಂಗ ಕತ್ತರಿಸಬೇಕಿದ್ದ ಕಡೆ 7 ವರ್ಷ ಜೈಲು, ಎರಡಾದರೆ 14. ಕೈಕಾಲಿಗೂ ರೇಟು!

ಕಳೆದ ವರ್ಷ ನಮ್ಮ ಪಕ್ಕದ ಮನೆಯಲ್ಲಿ ಗ್ಯಾಸ್ ಸಿಲಿಂಡರ್ ಕಳವಾಯಿತು. ಮಹಜರಿಗೆ ಪಂಚನಾಗಿ ಬನ್ನಿ ಎಂದು ನನ್ನನ್ನು ಕರೆದರು. ಪಂಚರು ಅಂದರೆ ಐದು ಜನ ಇರುತ್ತಾರೆ ಅಂದುಕೊಂಡು ಹೋದೆ. ಇದ್ದದ್ದು ನಾನು ಮತ್ತು ಎದುರುಮನೆಯ ಮೇಷ್ಟ್ರು, ಇಬ್ಬರೇ. ಮಹಜರು, ಜಾಮೀನು, ಫಿರ್ಯಾದಿ, ವಕೀಲ ಎಲ್ಲ ಅರಬ್ಬಿ-ಪಾರಸಿಯಿಂದ ಬಂದ ಮಾತುಗಳು. ಸುಲ್ತಾನರೂ ಹೋದರು, ಕಂಪನಿಯೂ ಹೋಯಿತು, ಮಾತು ಮಾತ್ರ ಸ್ಟೇಷನ್ನಿನಲ್ಲೇ ಉಳಿಯಿತು.

ಹೆಡ್ ಕಾನ್‌ಸ್ಟೇಬಲ್ ಅಡುಗೆಮನೆ ಕಟ್ಟೆಯ ಮೇಲೆ ಹಾಳೆ ಇಟ್ಟುಕೊಂಡು ಬರೆಯತೊಡಗಿದರು. ಮೇಲುಗಡೆ ‘ಕಲಂ 380’ ಎಂದು ಬರೆದವರು ತಟ್ಟನೆ ನಿಲ್ಲಿಸಿದರು. ಅದರ ಮೇಲೆ ಗೆರೆ ಎಳೆದು ‘305’ ಮಾಡಿದರು. ‘ಇಪ್ಪತ್ತೆರಡು ವರ್ಷದ ಅಭ್ಯಾಸ ಸಾರ್, ಕೈ ಕೇಳಲ್ಲ’ ಎಂದು ಪೆನ್ನು ನನ್ನ ಕಡೆ ಚಾಚಿದರು.