ನಿಶ್ಶಬ್ದವನ್ನೂ ರೆಕಾರ್ಡ್ ಮಾಡಿಕೊಳ್ಳಿ

ಕೇಳುಗರಿಗೆ ನಮಸ್ಕಾರ. ಮೊದಲು ಮೂರು ಸೆಕೆಂಡು ನಾನು ಸುಮ್ಮನಿರುತ್ತೇನೆ. ನೀವು ಕಿವಿಗೊಡಿ.

(ಮೂರು ಸೆಕೆಂಡು ಮೌನ)

ಏನೂ ಕೇಳಿಸಲಿಲ್ಲವಾ? ಫ್ಯಾನ್ ತಿರುಗುವ ಸದ್ದು, ದೂರದಲ್ಲಿ ಹೋದ ಗಾಡಿ, ಏನೋ ಒಂದು ಇದ್ದೇ ಇತ್ತು ಅಲ್ವಾ? ಪ್ರತಿ ಕೋಣೆಗೂ ಅದರದೇ ಮೌನ ಇರುತ್ತದೆ. ಸಿನಿಮಾದವರು ಇದನ್ನು ರೂಮ್ ಟೋನ್ ಅನ್ನುತ್ತಾರೆ. ಕಡಿಮೆ ದುಡ್ಡಿನಲ್ಲಿ, ಗೆಳೆಯರನ್ನು ಕಟ್ಟಿಕೊಂಡು ಸಿನಿಮಾ ಮಾಡಲು ಹೊರಟಿರುವ ನಿಮಗೆ ನನ್ನದು ಒಂದೇ ಮಾತು. ಸೀನು ಮುಗಿದ ಮೇಲೆ, ಲೈಟು ಬಿಚ್ಚುವ ಮುಂಚೆ, ಎಲ್ಲರನ್ನೂ ಇದ್ದಲ್ಲೇ ನಿಲ್ಲಿಸಿ. ಒಂದು ನಿಮಿಷ ಆ ಜಾಗದ ಮೌನವನ್ನು ರೆಕಾರ್ಡ್ ಮಾಡಿಕೊಳ್ಳಿ.

ಸಿನಿಮಾಗಳಿಗೆ ಸಂಗೀತ, ಸದ್ದು ಕೂಡಿಸುವುದು ನನ್ನ ಕೆಲಸ. ಹಿಂದೊಮ್ಮೆ ಒಬ್ಬ ಹುಡುಗ, ಹೊಸ ನಿರ್ದೇಶಕ, ನನ್ನ ಹತ್ತಿರ ಬಂದ. "ಸರ್, ಅಡುಗೆಮನೆ ಸೀನಿಗೆ ಒಂದು ಪಿಟೀಲು ಹಾಕಿಕೊಡಿ, ಕರುಳು ಹಿಂಡಬೇಕು" ಅಂದ. ಸೀನು ನೋಡಿದೆ. ಅಮ್ಮ, ಮಗ, ಎದುರುಬದುರು. ಅಮ್ಮನ ಶಾಟ್ ತೆಗೆಯುವಾಗ ಫ್ರಿಜ್ ಓಡುತ್ತಿತ್ತು. ಮಗನ ಶಾಟ್ ಹೊತ್ತಿಗೆ ಯಾರೋ ಆಫ್ ಮಾಡಿದ್ದರು. ಅಮ್ಮ ಮಾತಾಡಿದರೆ ಗುಂಯ್. ಮಗ ಮಾತಾಡಿದರೆ ಖಾಲಿ. ಮತ್ತೆ ಅಮ್ಮ, ಗುಂಯ್. ಆಕೆ ಕಣ್ಣಲ್ಲಿ ನೀರು ತಂದುಕೊಂಡಿದ್ದಾರೆ, ನನ್ನ ಕಿವಿ ಮಾತ್ರ ಫ್ರಿಜ್ ಹಿಂದೆಯೇ!

"ರೂಮ್ ಟೋನ್ ಎಲ್ಲಪ್ಪಾ?" ಅಂತ ಕೇಳಿದೆ. "ಅದರಲ್ಲಿ ಏನೂ ಇರಲ್ಲವಲ್ಲ ಸರ್, ಬಿಟ್ಟೆವು" ಅಂದ. ಮತ್ತೆ ಆ ಮನೆಗೆ ಹೋದರೆ ಬಾಡಿಗೆಯವರು ಖಾಲಿ ಮಾಡಿದ್ದರು. ಸಾಮಾನಿಲ್ಲದ ಅಡುಗೆಮನೆ ಗವಿಯ ಹಾಗೆ ಮೊಳಗುತ್ತಿತ್ತು. ಕೊನೆಗೆ ಅಮ್ಮ ಮಾತು ನಿಲ್ಲಿಸಿದ ಕಡೆ ಎರಡು ಸೆಕೆಂಡಿನ ತುಣುಕು ಸಿಕ್ಕಿತು. ಅದನ್ನೇ ಸಾಲಾಗಿ ಅಂಟಿಸಿ ಮಗನ ಶಾಟ್‌ಗಳ ಕೆಳಗೆ ಹಾಸಿದೆ. ಕೇಳಿದರೆ ಟಿಣ್. ಟಿಣ್. ಟಿಣ್. ತುಣುಕಿನ ಕೊನೆಯಲ್ಲಿ ಚಮಚ ತಟ್ಟೆಗೆ ತಗುಲಿದ ಸದ್ದು! ಅದನ್ನು ಕತ್ತರಿಸಿದರೆ ಉಳಿದದ್ದು ಒಂದು ಸೆಕೆಂಡು ಚಿಲ್ಲರೆ. ಅದನ್ನು ಬೆಳೆಸಿ, ಹೊಲಿದು, ಎರಡು ರಾತ್ರಿ ಕಳೆದೆ. ಒಂದು ನಿಮಿಷ ಸುಮ್ನೆ ನಿಂತಿದ್ದರೆ ಸಾಕಿತ್ತು.

ಎರಡೂ ಕಡೆ ಫ್ರಿಜ್ ಸಮವಾದ ಮೇಲೆ ಪಿಟೀಲು ಬೇಕೇ ಆಗಲಿಲ್ಲ. ಮಗ ಎದ್ದು ಹೋದ ಕೂಡಲೇ ಫ್ರಿಜ್ ಸದ್ದು ಗಕ್ಕನೆ ನಿಲ್ಲುವ ಹಾಗೆ ಮಾಡಿದೆ. ಅಷ್ಟೇ. ಹುಡುಗ ಕುರ್ಚಿಯಿಂದ ಏಳಲೇ ಇಲ್ಲ.

ಅಯ್ಯೋ, ಸಂಗೀತದ ಬಗ್ಗೆ ಹೇಳಬೇಕಿತ್ತು, ಸಮಯ ಆಗೇಹೋಯಿತು. ಬೇಗ ಹೇಳಿಬಿಡುತ್ತೇನೆ. ಎಡಿಟಿಂಗ್ ಮಾಡುವಾಗ ಬೇರೆ ಸಿನಿಮಾದ ಸಂಗೀತ ಹಾಕಿಕೊಂಡು ತಿಂಗಳುಗಟ್ಟಲೆ ಕೇಳಬೇಡಿ. ಆಮೇಲೆ ನಾವು ಏನು ಮಾಡಿಕೊಟ್ಟರೂ "ಅದರ ಹಾಗಿಲ್ಲ" ಅನ್ನುತ್ತೀರಿ. ಎಡಿಟಿಂಗ್ ಪೂರ್ತಿ ಮುಗಿಸಿ ಕಳಿಸಿ. ಸಿನಿಮಾದಲ್ಲಿ ಸೆಕೆಂಡಿಗೆ 24 ಫ್ರೇಮು, ಅಂದರೆ 24 ಬಿಡಿ ಚಿತ್ರ. ನೀವು 12 ಕಿತ್ತರೆ ನನ್ನ ತಾಳ ಅರ್ಧ ಸೆಕೆಂಡು ತಪ್ಪುತ್ತದೆ. ಹೆಜ್ಜೆ ಸದ್ದು, ಬಟ್ಟೆ ಸದ್ದು ಸ್ಟುಡಿಯೋದಲ್ಲಿ ಹುಟ್ಟಿಸಬಹುದು. ಅದಕ್ಕೆ ಫೋಲಿ ಅನ್ನುತ್ತಾರೆ. ಕೋಣೆಯ ಮೌನ ಮಾತ್ರ ಆಮೇಲೆ ಬೇಕೆಂದರೂ ಸಿಗಲ್ಲ.

ಲೈಟಿನ ಹುಡುಗರು ಊಟಕ್ಕೆ ತಡವಾಯಿತು ಅಂತ ಗೊಣಗುತ್ತಾರೆ. ಗೊಣಗಲಿ, ಮುಗಿದ ಮೇಲೆ ರೆಕಾರ್ಡರ್ ಒತ್ತಿ. ಹಾಂ, ಫ್ರಿಜ್ ಆಫ್ ಮಾಡಿ ಶೂಟ್ ಮಾಡುವುದಾದರೆ ನಿಮ್ಮ ಗಾಡಿಯ ಕೀ ಅದರೊಳಗಿಡಿ. ಮನೆಯವರ ಹಾಲು ಒಡೆಯುವ ಮುಂಚೆ ಆನ್ ಮಾಡುವುದು ನೆನಪಾಗುತ್ತದೆ. ನಮಸ್ಕಾರ.